ಆವಾಜ್ ಇಲ್ಲದವರ ಪಾಳಿ

ದೋಸ್ತಾ,

ನಿನ್ನ ವಾಯ್ಸ್ ಮೆಸೇಜ್ ಕೇಳಿದೆ. ಬೆಂಗಳೂರಿನ ಮೆಟ್ರೊ ಹತ್ತುವಾಗ ನಿನ್ನ ಬಾಯಿಂದ ‘ಸರೀಲೇ ಆ ಕಡೆ’ ಅಂತ ಬಂದುಬಿಟ್ಟಿತು, ಒಬ್ಬ ಮಾತ್ರ ನಕ್ಕು ‘ಹುಬ್ಬಳ್ಳಿ ಏನ್ರಿ?’ ಅಂದ, ಅಲ್ವಾ? ಮನೆಮಂದಿಗೆಲ್ಲ ಕೇಳಿಸಿದೆ. ನಮ್ಮ ಹಳೇ ಗ್ಯಾಂಗಿನವರೂ ಓದಲಿ ಅಂತಲೇ ಉತ್ತರವನ್ನು ಇಲ್ಲಿ ಎಲ್ಲರೆದುರು ಬರೆಯುತ್ತಿದ್ದೇನೆ.

ಅಲ್ಲಿ ‘ಗುರು’, ‘ಮಗಾ’ ಅಂತ ಬೆನ್ನು ಸವರಿ ಮುಂದೆ ಹೋಗುತ್ತಾರೆ ಅಂದೆ. ನಮ್ಮಲ್ಲಿ ಮೊದಲು ಆವಾಜ್, ಆಮೇಲೆ ಚಹಾ. ಹುಬ್ಬಳ್ಳಿ-ಧಾರವಾಡದ ಖಾಸಗಿ ಬೇಂದ್ರೆ ಬಸ್ಸು ನೆನಪಿದೆಯಲ್ಲ? ಬಸ್ಸು ನಿಲ್ಲೋ ಮೊದಲೇ ಕಿಟಕಿಯಿಂದ ಕರ್ಚೀಪ್ ಒಗೆದು ಸೀಟು ಹಿಡಿಯೋದು.

‘ಕರ್ಚೀಪ್ ಹಾಕೇನ್ರಿ ಇಲ್ಲೆ!’

‘ಕರ್ಚೀಪ್ ಟಿಕೆಟ್ ತಗೀತೈತೇನಲೇ?’

ಉಣಕಲ್ ದಾಟೋವರೆಗೆ ‘ಧಮ್ ಇದ್ರ ಎಬ್ಬಿಸು’, ‘ನಿನ್ನ ಹವಾ ನಿಮ್ಮ ಓಣ್ಯಾಗ ಇಟ್ಕೋ’. ನವಲೂರು ಬರೋದ್ರೊಳಗೆ ಅದೇ ಇಬ್ಬರು ಒಂದೇ ಪೇರಲಹಣ್ಣು ಹಂಚಿಕೊಂಡು ತಿನ್ನುತ್ತಿದ್ದರು. ನನಗೆ ಈ ಭಾಷೆಯ ಮೇಲೆ ಭಾಳ ಪ್ರೀತಿ. 1956ರವರೆಗೆ ನಮ್ಮ ಹುಬ್ಬಳ್ಳಿ ಮುಂಬೈ ರಾಜ್ಯದಲ್ಲಿತ್ತು. ಹತ್ತಿ ಪೇಟೆ, ರೈಲ್ವೆ ವರ್ಕ್‌ಶಾಪ್ ಅಂತ ನಾಲ್ಕೂ ದಿಕ್ಕಿನ ಜನ ಬಂದು ಸೇರಿದ ಊರು ಇದು. ಮರಾಠಿ, ಉರ್ದು, ಕನ್ನಡ ಎಲ್ಲ ಒಂದೇ ಬಾಗಿಲಲ್ಲಿ ನುಗ್ಗಿದಾಗ ಹುಟ್ಟಿದ ಮಾತು. ಅದರಲ್ಲಿ ಬಿಸಿ ಇದೆ, ವಿಷ ಇಲ್ಲ. ಹಾಗಂತ ಇಷ್ಟು ದಿನ ನಂಬಿದ್ದೆ.

2018ರಲ್ಲಿ ಅದೇ ದಾರಿಗೆ ಚಿಗರಿ ಅನ್ನೋ ಹೊಸ ಸರ್ಕಾರಿ ಬಸ್ಸು ಬಂತು. ಎಸಿ ಬಸ್ಸು, ಗಾಜು ತೆಗೆಯೋ ಹಾಗಿಲ್ಲ. ಕರ್ಚೀಪಿನ ಕಾಲ ಅಲ್ಲಿಗೆ ಮುಗಿಯಿತು. ಜಗಳ ಬಾಗಿಲಿಗೆ ಬಂತು, ಅಷ್ಟೇ.

ಈಗ ನಿನಗೆ ಹೇಳಬೇಕಾದದ್ದು. ಮೊನ್ನೆ ಅಪ್ಪನನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗಿದ್ದೆ. ಚೀಟಿ ಮಾಡಿಸೋ ಪಾಳಿಯಲ್ಲಿ ಅವರನ್ನು ನಿಲ್ಲಿಸಿ ಗಾಡಿ ಹಚ್ಚಲು ಹೋದೆ. ತಿರುಗಿ ಬಂದಾಗ ದೂರದಿಂದಲೇ ಕಂಡಿತು. ಫೈಲು ಎದೆಗೆ ಒತ್ತಿಕೊಂಡು ನಿಂತಿದ್ದಾರೆ. ಚೀಟಿಯ ರೊಕ್ಕ ಮೊದಲೇ ಎಣಿಸಿ ಸಣ್ಣಗೆ ಮಡಚಿ ಮುಷ್ಟಿಯಲ್ಲಿ ಹಿಡಿದಿದ್ದಾರೆ. ಪಕ್ಕದಿಂದ ಒಬ್ಬ ಹುಡುಗ ಕಿಂಡಿಯೊಳಗೆ ಕೈ ತೂರಿಸಿದ. ‘ಏ ಅಜ್ಜಾ, ಸರಿ ಸ್ವಲ್ಪ.’ ಅಪ್ಪ ಸರಿದರು. ಮತ್ತೊಬ್ಬ ಬಂದ. ಮತ್ತೆ ಸರಿದರು. ಚಪ್ಪಲಿ ಎತ್ತದೆ, ನೆಲಕ್ಕೆ ಉಜ್ಜುತ್ತಾ, ಹಿಂದಿನವರ ಕಾಲು ತುಳಿಯದ ಹಾಗೆ.

ನಾನು ಹೋಗಿ ‘ಯಾವನ್ಲೇ ಅಂವಾ, ಪಾಳಿ ಕಾಣಸಂಗಿಲ್ಲೇನ?’ ಅಂದೆ. ಒಂದೇ ಆವಾಜಿಗೆ ಪಾಳಿ ನೆಟ್ಟಗಾಯಿತು. ಅಪ್ಪ ನನ್ನ ಮಣಿಕಟ್ಟು ಹಿಡಿದರು. ‘ಇರ್ಲಿ ಬಿಡೋ, ಅವಂಗೂ ಏನೋ ಗಡಿಬಿಡಿ ಐತಿ.’

ಆಗ ನನಗೆ ಸಿಟ್ಟು ಬಂದದ್ದು ಆ ಹುಡುಗರ ಮೇಲಲ್ಲ ದೋಸ್ತಾ, ಅಪ್ಪನ ಮೇಲೆ. ಬಸ್ಸು, ರೇಷನ್ ಅಂಗಡಿ, ಪೆನ್ಶನ್ ಕಚೇರಿ, ಎಲ್ಲ ಕಡೆ ‘ಇರ್ಲಿ ಬಿಡ’ ಅಂದುಕೊಂಡೇ ಬದುಕಿದ ಮನುಷ್ಯ. ನಾನು ಸಣ್ಣವನಿದ್ದಾಗಲೂ ಅವರ ಕೈ ಹಿಡಿದುಕೊಂಡು ಪಾಳಿಯ ಕೊನೆಯಲ್ಲೇ ನಿಂತಿರುತ್ತಿದ್ದೆ. ನನ್ನ ದನಿ ಇಷ್ಟು ದೊಡ್ಡದಾಗಿದ್ದು ಯಾಕೆ ಅಂತ ನನಗೆ ಅಲ್ಲಿ ತಿಳಿಯಿತು. ಅಪ್ಪನ ಹಾಗೆ ಆಗಬಾರದು ಅಂತ.

ಚೀಟಿ ಸಿಕ್ಕಿತು. ಆದರೆ ಅಪ್ಪನ ಹಿಂದೆ ಒಬ್ಬ ಅಮ್ಮ ನಿಂತಿದ್ದಳು, ಸೆರಗಿನ ತುದಿಗೆ ರೊಕ್ಕ ಗಂಟು ಹಾಕಿಕೊಂಡು. ನಾವು ಈ ಕಡೆ ಬಂದ ಕೂಡಲೇ ಅದೇ ಹುಡುಗರು ಮತ್ತೆ ಕಿಂಡಿಗೆ ನುಗ್ಗಿದರು. ಅವಳ ಪರವಾಗಿ ಕೂಗಲು ಯಾರೂ ಇರಲಿಲ್ಲ. ಅಪ್ಪನೇ ತಿರುಗಿ ಹೋದರು. ಕಿಂಡಿಯ ಪಕ್ಕ ಸುಮ್ನೆ ಅಡ್ಡ ನಿಂತು ‘ಬರ್ರಿ ಯವ್ವಾ’ ಅಂದರು. ಹುಡುಗರು ಏನೂ ಅನ್ನಲಿಲ್ಲ. ಅವಳ ಚೀಟಿ ಆಗೋವರೆಗೆ ಅಪ್ಪ ಕದಲಲಿಲ್ಲ. ಕೆಮ್ಮು ಬಂದರೂ.

ಅವತ್ತಿನಿಂದ ಒಂದೇ ಯೋಚನೆ. ಮಗಳಿಗೆ ‘ಜೋರಾಗಿ ಮಾತಾಡು, ಯಾರಿಗೂ ಬಗ್ಗಬೇಡ’ ಅಂತ ದಿನಾ ಹೇಳುವವನು ನಾನು. ಈ ಊರಲ್ಲಿ ಅದು ಬೇಕು, ಹುಡುಗಿಗೆ ಇನ್ನೂ ಜಾಸ್ತಿ ಬೇಕು. ಆದರೆ ಅಜ್ಜನ ಹಾಗೆ ನಿಲ್ಲೋದನ್ನು ಅವಳಿಗೆ ಯಾರು ಕಲಿಸಬೇಕು? ನನಗೆ ಬರುವುದಿಲ್ಲ. ಬರುವವರು ಎಷ್ಟು ದಿನ ನಮ್ಮ ಜೊತೆ ಇರುತ್ತಾರೋ. ರಿಪೋರ್ಟ್ ನೋಡಿದ ಮೇಲೆ ರಾತ್ರಿ ಸರಿಯಾಗಿ ನಿದ್ದೆ ಬಂದಿಲ್ಲ.

ಇಲ್ಲಿ ಬರೆಯೋ ಮಾತಲ್ಲ ಅದು. ರಾತ್ರಿ ಫೋನ್ ಮಾಡ್ತೀನಿ, ಎತ್ತು.

ಶ್ರಾವಣದಲ್ಲಿ ರಜೆ ಹಾಕಿ ಬಾ. ಅಪ್ಪ ನಿನ್ನನ್ನು ಕೇಳುತ್ತಲೇ ಇರುತ್ತಾರೆ. ದುರ್ಗದಬೈಲಿಗೆ ಹೋಗಿ ಗಿರ್ಮಿಟ್, ಮಿರ್ಚಿ ತಿನ್ನೋಣ. ಗದ್ದಲದಲ್ಲಿ ನುಗ್ಗಿ ತರೋ ಕೆಲಸ ನನ್ನದು, ರೊಕ್ಕ ನಿನ್ನದು. ಉಳ್ಳಾಗಡ್ಡಿ ಜಾಸ್ತಿ ಹಾಕಿಸ್ತೀನಿ.

ನಿನ್ನ ದೋಸ್ತ