ಡಿಸ್ಲೆಕ್ಸಿಯಾ (ಓದು-ಬರಹದ ಕಲಿಕಾ ತೊಡಕು) ಇರುವ ಮಕ್ಕಳನ್ನು ಮೂರನೇ ತರಗತಿಯಲ್ಲೇ ಗುರುತಿಸಿ ನೆರವು ನೀಡುವಂತೆ ಕೋರಿ ಮನವಿ

ಇವರಿಗೆ,
ಮಾನ್ಯ ಕ್ಷೇತ್ರ ಶಿಕ್ಷಣಾಧಿಕಾರಿಗಳು,
ಶಾಲಾ ಶಿಕ್ಷಣ ಇಲಾಖೆ

ಇವರಿಂದ,
ಹೋಬಳಿಯ ಸರ್ಕಾರಿ ಶಾಲೆಗಳ ಪೋಷಕರು ಮತ್ತು ಗ್ರಾಮಸ್ಥರು

ಮಾನ್ಯರೇ,

ನಮ್ಮಲ್ಲೊಬ್ಬರ ಮಗ ಐದನೇ ತರಗತಿ. ಪಾಠ ಚೆನ್ನಾಗಿ ಓದುತ್ತಾನೆ ಎಂದೇ ತಿಳಿದಿದ್ದೆವು. ಒಂದು ದಿನ ಮೇಷ್ಟ್ರು ಪುಟ ತಿರುಗಿಸಿ ಬೇರೆ ಪಾಠ ತೋರಿಸಿದರೆ, ಹುಡುಗ ಅದರ ಸಾಲುಗಳ ಮೇಲೆ ಬೆರಳಾಡಿಸುತ್ತಾ ಹಿಂದಿನ ಪಾಠವನ್ನೇ ಒಪ್ಪಿಸಿದ. ಸಂಜೆ ಅಕ್ಕ ಓದುವುದನ್ನು ಕೇಳಿ ಕೇಳಿ ಬಾಯಿಪಾಠ ಮಾಡಿಕೊಂಡಿದ್ದ. ಬೋರ್ಡಿನ ಮೇಲಿರುವುದನ್ನು ದುಂಡಗೆ ನಕಲು ಮಾಡುತ್ತಾನೆ. ಉಕ್ತಲೇಖನ ಕೊಟ್ಟರೆ ‘ಅಕ್ಕ’ ಹೋಗಿ ‘ಅಕ’ ಆಗುತ್ತದೆ, ‘ಪ’ ‘ಷ’ ಅದಲುಬದಲು. ಅದೇ ಹುಡುಗ ಡೇರಿಗೆ ಹಾಕಿದ ಹಾಲಿನ ಬಟವಾಡೆಯನ್ನು ಬಾಯಿಲೆಕ್ಕದಲ್ಲೇ ಹೇಳಿಬಿಡುತ್ತಾನೆ. ಶಾಲೆಯಲ್ಲಿ ಅವನಿಗೆ ‘ಸೋಮಾರಿ’ ಎಂಬ ಹೆಸರಿತ್ತು. ಮನೆಯಲ್ಲಿ ನಾವೂ ಹೊಡೆದಿದ್ದೇವೆ, ಮುಚ್ಚಿಡುವುದೇನಿಲ್ಲ. ಕೂಲಿ ಬಿಟ್ಟು ಎರಡು ಸಲ ಮೈಸೂರಿನ ವಾಕ್ ಶ್ರವಣ ಸಂಸ್ಥೆಗೆ ಅಲೆದ ಮೇಲೆ ಇದು ಡಿಸ್ಲೆಕ್ಸಿಯಾ ಎಂದು ತಿಳಿಯಿತು.

2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯ 21 ನ್ಯೂನತೆಗಳಲ್ಲಿ ಡಿಸ್ಲೆಕ್ಸಿಯಾ ಸೇರುವ ನಿರ್ದಿಷ್ಟ ಕಲಿಕಾ ನ್ಯೂನತೆಯೂ ಒಂದು. ಇಂಥ ಮಕ್ಕಳನ್ನು ಆದಷ್ಟು ಬೇಗ ಗುರುತಿಸಿ, ತಕ್ಕ ಬೋಧನಾ ಕ್ರಮ ಕೈಗೊಳ್ಳಬೇಕೆಂದು ಅದರ 16ನೇ ಸೆಕ್ಷನ್ ಹೇಳುತ್ತದೆ. ಪರೀಕ್ಷೆಯಲ್ಲಿ ಹೆಚ್ಚುವರಿ ಸಮಯ, ಬರೆದುಕೊಡುವವರ ನೆರವು, ಎರಡನೇ ಮತ್ತು ಮೂರನೇ ಭಾಷೆಯಿಂದ ವಿನಾಯಿತಿ 17ನೇ ಸೆಕ್ಷನ್ನಿನಲ್ಲಿವೆ. ಕೇಂದ್ರದ ಮಾರ್ಗಸೂಚಿಯಂತೆ ಮೂರನೇ ತರಗತಿಯಲ್ಲಿ ಅಥವಾ ಎಂಟನೇ ವಯಸ್ಸಿಗೆ ಶಾಲೆಯಲ್ಲೇ ತಪಾಸಣೆ ಆಗಬೇಕು. ನಮ್ಮ ಕಡೆ ಆಗುತ್ತಿರುವುದೇ ಬೇರೆ. ಎಸ್ಸೆಸ್ಸೆಲ್ಸಿ ಹತ್ತಿರ ಬಂದಾಗ ಪ್ರಮಾಣಪತ್ರಕ್ಕೆ ಓಡಾಟ ಶುರುವಾಗುತ್ತದೆ. ಏಳು ವರ್ಷ ಓದಲು ಬಾರದೆ ಕುಳಿತವನಿಗೆ ಕೊನೆಯಲ್ಲಿ ಸಿಗುವ ಹೆಚ್ಚುವರಿ ಗಂಟೆಯಿಂದ ಏನಾದೀತು?

ತಪಾಸಣೆಗೆ ಹೊಸ ನಮೂನೆ, ಹೊಸ ರಿಜಿಸ್ಟರ್ ಬೇಡ; ಶಿಕ್ಷಕರಿಗೆ ಈಗಿರುವ ದಾಖಲೆಗಳೇ ಹೊರೆಯಾಗಿವೆ. ಕೆಳ ತರಗತಿಗಳ ಚಟುವಟಿಕೆ ಆಧಾರಿತ ನಲಿ-ಕಲಿಯ ಕಲಿಕಾ ಏಣಿಯಲ್ಲಿ, ಅಂದರೆ ಕಲಿಕೆಯ ಹಂತಗಳ ಪಟದಲ್ಲಿ, ಯಾವ ಮಗು ಒಂದೇ ಮೈಲಿಗಲ್ಲಿನಲ್ಲಿ ತಿಂಗಳುಗಟ್ಟಲೆ ನಿಂತಿದೆ ಎಂಬುದು ಗೋಡೆಯ ಮೇಲೇ ಕಾಣುತ್ತದೆ. ಒತ್ತಕ್ಷರ, ಮಹಾಪ್ರಾಣಗಳಲ್ಲಿ ಎಡವುವುದು ಎಲ್ಲ ಮಕ್ಕಳಿಗೂ ಇದ್ದದ್ದೇ. ಮೂರನೇ ತರಗತಿ ಮುಗಿಯುತ್ತಾ ಬಂದರೂ ಅಲ್ಲೇ ಉಳಿದ ಮಕ್ಕಳ ಪಟ್ಟಿಯನ್ನು ಬಿಆರ್‌ಸಿಗೆ (ಕ್ಷೇತ್ರ ಸಂಪನ್ಮೂಲ ಕೇಂದ್ರಕ್ಕೆ) ಕಳಿಸಲು ಆದೇಶಿಸಿ. ಅಲ್ಲಿ ವರ್ಷಕ್ಕೊಮ್ಮೆಯಾದರೂ ಮನಶ್ಶಾಸ್ತ್ರಜ್ಞರನ್ನು ಕರೆಸಿ ತಪಾಸಣಾ ಶಿಬಿರ ನಡೆಸಿ. ಗುರುತಿಸಿದ ಮಕ್ಕಳಿಗೆ ಬಿಐಇಆರ್‌ಟಿ (ವಿಶೇಷ ಅಗತ್ಯವುಳ್ಳ ಮಕ್ಕಳಿಗಾಗಿ ಇರುವ ಸಂಪನ್ಮೂಲ) ಶಿಕ್ಷಕರು ಅವರದೇ ಶಾಲೆಗೆ ಬಂದು ಪಾಠ ಹೇಳಲಿ. ಬೇರೆ ಶಾಲೆಗೆ ಹಾಕಿ ಎಂಬ ಸಲಹೆ ನಮಗೆ ಬೇಡ. ಕಿರುಪರೀಕ್ಷೆಗಳಲ್ಲಿ ಪ್ರಶ್ನೆ ಓದಿ ಹೇಳಿ, ಉತ್ತರವನ್ನು ಬಾಯಲ್ಲಿ ಹೇಳಿಸಿಕೊಳ್ಳಲು ಅನುಮತಿಸಿ. ಇಡೀ ತರಗತಿಯ ಮುಂದೆ ನಿಲ್ಲಿಸಿ ಗಟ್ಟಿಯಾಗಿ ಓದಿಸುವುದನ್ನಂತೂ ನಾಳೆಯಿಂದಲೇ ನಿಲ್ಲಿಸಬಹುದು. ಅದಕ್ಕೆ ಅನುದಾನ ಬೇಕಿಲ್ಲ.

ಶಿಬಿರದ ದಿನಾಂಕ ತಿಳಿಸಿದರೆ ಮಕ್ಕಳನ್ನು ಕರೆತರಲು ಆಟೊ ವ್ಯವಸ್ಥೆ ನಾವೇ ಮಾಡುತ್ತೇವೆ. ಸೋಮವಾರ ಸಂತೆ ಇರುವುದರಿಂದ ಆ ದಿನವೊಂದು ಬೇಡ.

ವಂದನೆಗಳೊಂದಿಗೆ,
ಪೋಷಕರು ಮತ್ತು ಗ್ರಾಮಸ್ಥರು
(ಸಹಿಗಳ ಪಟ್ಟಿ ಲಗತ್ತಿಸಿದೆ)