ದೋಸ್ತನಿಗೆ, ಬಾಗಲಕೋಟೆಯಿಂದ

ದೋಸ್ತಾ,

ಫೋನ್ ಮಾಡಿದರೆ ನೀನು ನಗುತ್ತೀಯ. ಅದಕ್ಕೇ ಎಲ್ಲರೆದುರು ಬರೆಯುತ್ತಿದ್ದೇನೆ. ಇಲ್ಲಿ ಸ್ವಲ್ಪ ಮರ್ಯಾದೆಯಿಂದ ಇರಲೇಬೇಕಲ್ಲ. ಆಡಿನ ವಿಷಯ ಮಾತ್ರ ನಾನೂ ಎತ್ತಲ್ಲ, ನೀನೂ ಎತ್ತಬೇಡ.

ಹೋದ ವಾರ ವಿಜಯಪುರದ ಒಂದು ಕಾಲೇಜಿನಲ್ಲಿ ಭಾಷಣಕ್ಕೆ ಕರೆದಿದ್ದರು. ಶಾಲು, ಹಾರ, ಹಣ್ಣಿನ ಬುಟ್ಟಿ ಎಲ್ಲ ಆಯ್ತು. ಐಹೊಳೆಯ ಮೇಗುತಿ ಶಾಸನದ ಕಥೆ ಹೇಳಿದೆ. ಗೊತ್ತಲ್ಲ, ನನ್ನ ಖಾಯಂ ಐಟಂ. 634ರಲ್ಲಿ ರವಿಕೀರ್ತಿ ಇಮ್ಮಡಿ ಪುಲಕೇಶಿಯನ್ನು ಹೊಗಳಿ, ಕೊನೆಗೆ ತಾನೂ ಕಾಳಿದಾಸ, ಭಾರವಿಯರಿಗೆ ಸಮ ಅಂದನಲ್ಲ, ಅದು. ‘ಎಂಥಾ ಬಯೋಡೇಟಾ ನೋಡಿ’ ಅಂದೆ. ಹುಡುಗರು ನಕ್ಕರು. ಆಮೇಲೆ ದೊಡ್ಡ ಮನುಷ್ಯನ ಹಾಗೆ ಸೇರಿಸಿದೆ: ‘ಮಣ್ಣು ಯಾವುದನ್ನೂ ಅಳಿಸಲ್ಲ, ಮುಚ್ಚಿಡುತ್ತೆ ಅಷ್ಟೇ. ಅಗೆಯುವ ತಾಳ್ಮೆ ಬೇಕು.’ ಚಪ್ಪಾಳೆ.

ಮನೆಗೆ ಬಂದು ಹಳೆಯ ಮಿನಿ ಡಿವಿ ಟೇಪುಗಳನ್ನು ಹಾರ್ಡ್ ಡಿಸ್ಕಿಗೆ ಇಳಿಸುತ್ತ ಕೂತೆ. ಮೇಗುತಿಯದೇ ಟೇಪು ಬಂತು. ಬಿಸಿಲು ಓರೆಯಾಗಿ ಬಿದ್ದು ಅಕ್ಷರ ಒಂದೊಂದೇ ಎದ್ದು ಕಾಣುವ ಆ ಶಾಟ್. ನೀನು ಉಸಿರು ಬಿಗಿಹಿಡಿದು ಪ್ಯಾನ್ ಮಾಡಿದ್ದೆ. ಶಾಟ್ ಮುಗಿಯಿತು. ಚಿತ್ರ ಒಮ್ಮೆ ಚದುರಿತು. ಆಮೇಲೆ ಅಪ್ಪನ ದನಿ.

‘ಇದು ನೋಡಪಾ, ನೀ ಹುಟ್ಟಿದ ಖೋಲಿ...’

11 ಸೆಕೆಂಡು. ಟೇಪು ಖಾಲಿ.

ಹಳೇ ಬಾಗಲಕೋಟೆಯ ನಮ್ಮ ಮನೆ ಅದು. ಆಲಮಟ್ಟಿ ಹಿನ್ನೀರಿಗೆ ಹೋಗಿದ್ದು. ನವನಗರಕ್ಕೆ ಸಾಮಾನು ಸಾಗಿಸುವ ಹಿಂದಿನ ದಿನ ಅಪ್ಪ ಹಟ ಹಿಡಿದು ಶೂಟ್ ಮಾಡಿಸಿದ್ದ. ಕಟ್ಟೆ, ಪಡಸಾಲೆ, ದೇವರ ಜಗಲಿ, ಯಾವ ತೊಲೆ ಯಾವ ಊರಿಂದ ಬಂತು ಅನ್ನುವ ಲೆಕ್ಕ. ಟೇಪು ಮುಗಿಯುವವರೆಗೆ ಮಾತಾಡಿದ್ದ. ಅದಕ್ಕೆ ಬೂಸ್ಟು ಬಂದು ಹಾಳಾಯ್ತು ಅಂತ ಅವ್ವನಿಗೆ ಹೇಳಿದ್ದೆ. ನಿನಗೂ.

ಸುಳ್ಳು. ಐಹೊಳೆಗೆ ಹೊರಟ ದಿನ ಹೊಸ ಟೇಪಿಗೆ ದುಡ್ಡಿರಲಿಲ್ಲ. ಲೇಬಲ್ ಕಿತ್ತು ನಿನ್ನ ಕೈಗೆ ಕೊಟ್ಟೆ. ನೀರು ಬರೋಕೆ ಇನ್ನೂ ಟೈಮಿದೆ, ಮತ್ತೊಮ್ಮೆ ತೆಗೆದರಾಯ್ತು ಅಂದುಕೊಂಡೆ. ನಾವು ತಿರುಗಿ ಬರುವಷ್ಟರಲ್ಲಿ ಅಪ್ಪ ಬಾಗಿಲು, ತೊಲೆ ಎಲ್ಲ ಬಿಚ್ಚಿಸಿ ಮಾರಿದ್ದ. ಆ ಶಾಸನ 1,300 ವರ್ಷಕ್ಕೂ ಜಾಸ್ತಿ ಅಲ್ಲೇ ನಿಂತಿದೆ ಲೇ. ಇನ್ನೊಂದು ವಾರ ಕಾಯುತ್ತಿರಲಿಲ್ವಾ?

ಐಹೊಳೆಯ ಗುಡಿಯೊಂದರಲ್ಲಿ ಲಾಡಖಾನ್ ಅನ್ನುವವನು ವಾಸವಿದ್ದ ಅಂತ ಇವತ್ತಿಗೂ ಅದಕ್ಕೆ ಅವನದೇ ಹೆಸರು. ನಾವು ಪ್ರತಿ ಸಲ ಅದನ್ನು ಹೇಳಿ ನಗುತ್ತಿದ್ದೆವು, ನೆನಪಿದೆಯಾ? ಈಗ ಅವನ ಮೇಲೆ ಸುಮ್ನೆ ಹೊಟ್ಟೆಕಿಚ್ಚು.

ಅವ್ವನಿಗೆ ಇನ್ನೂ ತೋರಿಸಿಲ್ಲ. ಅವಳ ಫೋನಿನಲ್ಲಿ ಬರೀ ಭಜನೆ, ಇದನ್ನು ಓದಲ್ಲ. ನೀನು ಓದಿ ಹೇಳೀಯ ಮತ್ತೆ!

ಇರಲಿ, ಜಾಸ್ತಿ ಬರೆದೆ. ಭಾನುವಾರ ಬಾ. ಹಣ್ಣಿನ ಆಸೆ ಬೇಡ. ಬುಟ್ಟಿಯಲ್ಲಿ ಮೇಲಿನ ಪದರ ಮಾತ್ರ ಸೇಬು, ಕೆಳಗೆಲ್ಲ ಪೇಪರು. ತಾಳ್ಮೆಯಿಂದ ಅಗೆದು ನೋಡಿದ್ದೇನೆ. ಶಾಲು ಬೇಕಾದರೆ ಒಯ್ಯಿ, ಆಡಿಗೆ ಆಗುತ್ತೆ.