ಪುಸ್ತಕ ಕೊಡುವ ಮೊದಲು ಪೀಪ್ಸನ ಉಯಿಲು ನೋಡು

ಪ್ರೀತಿಯ ಗೆಳೆಯಾ,

ನಿನ್ನಜ್ಜ ಕೂಡಿಟ್ಟ ಪುಸ್ತಕ, ಓಲೆಗರಿಯ ಕಟ್ಟುಗಳು, ಕಪ್ಪು ಬಟ್ಟೆಯ ಆ ಎರಡು ಕಡತ, ಎಲ್ಲವನ್ನೂ ಊರಿನ ಕಾಲೇಜಿಗೆ ಕೊಟ್ಟುಬಿಡೋಣ ಅಂತಿದ್ದೀಯ. ಪ್ರಿನ್ಸಿಪಾಲರು ಅಜ್ಜನ ಹೆಸರಿನ ಫಲಕ ಹಾಕಿಸುತ್ತಾರಂತೆ. ಫಲಕ ಇರಲಿ ಮಾರಾಯ, ಅದು ಗೋಡೆಯ ಮೇಲೆ ಇದ್ದೇ ಇರುತ್ತದೆ. ಅದರ ಕೆಳಗಿನ ಬೀರುವಿನಲ್ಲಿ ಇಪ್ಪತ್ತು ವರ್ಷದ ಮೇಲೆ ಏನಿರುತ್ತದೆ ಅನ್ನೋದು ಪ್ರಶ್ನೆ. ಅದಕ್ಕೇ, ಸಹಿ ಹಾಕುವ ಮೊದಲು ಇಂಗ್ಲೆಂಡಿನ ಸ್ಯಾಮ್ಯುಯೆಲ್ ಪೀಪ್ಸ್ ತನ್ನ ಪುಸ್ತಕಗಳನ್ನು ಕೇಂಬ್ರಿಜ್‌ನ ಕಾಲೇಜಿಗೆ ಹೇಗೆ ಕೊಟ್ಟ ಅಂತ ಸ್ವಲ್ಪ ನೋಡು.

ಪೀಪ್ಸ್ (1633–1703) ಲಂಡನ್ನಿನ ದರ್ಜಿಯೊಬ್ಬನ ಮಗ. ಓದಿದ್ದು ಕೇಂಬ್ರಿಜ್‌ನ ಮಾಡ್ಲಿನ್ ಕಾಲೇಜಿನಲ್ಲಿ (ಕಾಗುಣಿತ ನೋಡಿ ಮ್ಯಾಗ್ಡಲೀನ್ ಅಂದುಬಿಟ್ಟೀಯ, ಅಲ್ಲಿಯವರು ಹಾಗೆ ಅನ್ನುವುದಿಲ್ಲ). ಆಮೇಲೆ ಇಂಗ್ಲೆಂಡಿನ ನೌಕಾಪಡೆಯ ಕಚೇರಿ ಸೇರಿ ಅದರ ಕಾರ್ಯದರ್ಶಿಯ ಪಟ್ಟಕ್ಕೇರಿದ. ಹಗ್ಗ, ಹಾಯಿ, ಮರ, ಗುತ್ತಿಗೆ, ದಾಸ್ತಾನು ಪುಸ್ತಕ ಇವುಗಳ ನಡುವೆಯೇ ಬಾಳಿದವನು. ಅವನ ಗ್ರಂಥಾಲಯದಲ್ಲಿ ವಿದ್ವಾಂಸನ ಕೈಗಿಂತ ಉಗ್ರಾಣದ ಲೆಕ್ಕ ಇಡುವವನ ಕೈ ಹೆಚ್ಚು ಕಾಣುವುದು ಅದಕ್ಕೇ. ಅದು ಉಳಿದುಕೊಂಡದ್ದೂ ಅದರಿಂದಲೇ ಅಂತ ನನ್ನ ಲೆಕ್ಕ.

1666ರ ಜುಲೈನಲ್ಲಿ ಅವನ ಪುಸ್ತಕಗಳು ಕುರ್ಚಿಗಳ ಮೇಲೆ ಒಂದರ ಮೇಲೊಂದು ಪೇರಿಕೊಂಡಿದ್ದವು. ಹಡಗುಕಟ್ಟೆಯ ಬಡಗಿ ಸಿಂಪ್ಸನ್‌ನನ್ನು ಕರೆಸಿ ಓಕ್ ಮರದ ಬೀರು ಮಾಡಿಸಿದ. ಗಾಜಿನ ಬಾಗಿಲಿನ ಪುಸ್ತಕದ ಬೀರುಗಳಲ್ಲಿ ಇಂಗ್ಲೆಂಡಿನಲ್ಲಿ ಉಳಿದಿರುವ ತೀರ ಹಳೆಯವು ಇವೇ. ಬೀರು ಮನೆಗೆ ಬಂದದ್ದು ಆಗಸ್ಟಿನಲ್ಲಿ. ಸೆಪ್ಟೆಂಬರ್ 2ಕ್ಕೆ ಲಂಡನ್ನಿಗೆ ಬೆಂಕಿ ಬಿತ್ತು. ಸಾಮಾನೆಲ್ಲ ಸಾಗಿಸಿ ಹೇಗೋ ಉಳಿಸಿಕೊಂಡ. ಒಂದೊಂದಾಗಿ ಬೀರುಗಳು ಹೆಚ್ಚುತ್ತಾ ಹೋಗಿ ಕೊನೆಗೆ ಹನ್ನೆರಡಾದವು. ಪುಸ್ತಕ 3,000. ಅದಕ್ಕಿಂತ ಹೆಚ್ಚು ಬೇಡ ಅಂತ ಅವನೇ ಗೆರೆ ಎಳೆದುಕೊಂಡ. ಒಂದು ಪುಸ್ತಕದ ಒಳ್ಳೆಯ ಆವೃತ್ತಿ ಸಿಕ್ಕಿದರೆ ಹಳೆಯದು ಹೊರಗೆ. ನಿನ್ನಲ್ಲಿರುವ ಪಠ್ಯಪುಸ್ತಕ, ಜೋಡಿ ಪ್ರತಿ, ಮದುವೆಯಲ್ಲಿ ಬಂದ ಉಡುಗೊರೆ ಪುಸ್ತಕ, ಇವನ್ನು ತೆಗೆಯುವ ಕೆಲಸ ನೀನೇ ಮಾಡು. ಕಾಲೇಜಿನವರ ಕೈಗೆ ಬಿಟ್ಟರೆ ಯಾವುದನ್ನು ತೆಗೆದಾರೋ ಹೇಳಲಾಗದು.

ಜೋಡಿಸಿದ ರೀತಿ ನೋಡು. ವಿಷಯವಾರು ಅಲ್ಲ, ಎತ್ತರದ ಪ್ರಕಾರ. ಎಲ್ಲಕ್ಕಿಂತ ಚಿಕ್ಕದು 1, ಎಲ್ಲಕ್ಕಿಂತ ದೊಡ್ಡದು 3,000. ಒಂದೇ ಅಡ್ಡಹಲಗೆಯ ಮೇಲೆ ಎರಡು ಸಾಲು, ಗಿಡ್ಡ ಪುಸ್ತಕ ಮುಂದೆ, ಎತ್ತರದ್ದು ಹಿಂದೆ, ಹಿಂದಿನ ಸಾಲಿನ ಬೆನ್ನೂ ಕಾಣಬೇಕು. ಎಲ್ಲಾದರೂ ಅರ್ಧ ಅಂಗುಲ ಕಡಿಮೆ ಬಿದ್ದರೆ ಆ ಪುಸ್ತಕದ ಕೆಳಗೆ ಮರದ ಪುಟ್ಟ ತುಂಡು. ಆ ತುಂಡಿಗೂ ಪುಸ್ತಕದ ಬೆನ್ನಿನ ಹಾಗೆಯೇ ಚಿನ್ನದ ಗೆರೆಯ ಅಲಂಕಾರ! ಗಿಡ್ಡ ಹುಡುಗನನ್ನು ಫೋಟೋಗೆ ಇಟ್ಟಿಗೆಯ ಮೇಲೆ ನಿಲ್ಲಿಸಿದ ಹಾಗೆ. ಲೈಬ್ರರಿ ಸೈನ್ಸ್ ಓದಿದವರಿಗೆ ಇದು ಹುಚ್ಚು ಅನ್ನಿಸುತ್ತದೆ. ಆದರೆ ಕಾವಲಿನ ಕಣ್ಣಿಂದ ನೋಡಿದರೆ ಇದಕ್ಕಿಂತ ಒಳ್ಳೆಯ ಜೋಡಣೆ ಇಲ್ಲ. ಒಂದು ಪುಸ್ತಕ ಎತ್ತಿದರೂ ಸಾಲು ಹಲ್ಲುದುರಿದ ಬಾಯಿಯಾಗುತ್ತದೆ. ಹುಡುಕುವ ಕೆಲಸಕ್ಕೆ ಪಟ್ಟಿಗಳನ್ನು ಬೇರೆ ಮಾಡಿಸಿದ: ಸಂಖ್ಯೆಯದೊಂದು, ಹೆಸರಿನ ಅಕಾರಾದಿ ಒಂದು, ವಿಷಯದ್ದೊಂದು. ಹೊಸ ಪುಸ್ತಕ ಬಂದಾಗಲೆಲ್ಲ ಸಂಖ್ಯೆಗಳನ್ನು ಹೊಡೆದುಹಾಕಿ ಮತ್ತೆ ಹಾಕಬೇಕಾಗುತ್ತಿತ್ತು. ಹಾಗೆ ಹೊಡೆದ ಹಳೆಯ ಸಂಖ್ಯೆಗಳು ಈಗಲೂ ಪುಸ್ತಕಗಳಲ್ಲಿ ಕಾಣುತ್ತವೆ.

ಈಗ ಉಯಿಲಿನ ಮಾತು. 1703ರ ಮೇ ತಿಂಗಳಲ್ಲಿ, ಸಾಯುವುದಕ್ಕೆ ಎರಡು ವಾರ ಇರುವಾಗ, ಉಯಿಲಿಗೆ ಅನುಬಂಧ ಬರೆಸಿದ. ಅಕ್ಕತಂಗಿಯರ ಕಡೆಯ ಸೋದರಳಿಯ ಜಾನ್ ಜಾಕ್ಸನ್ ಬದುಕಿರುವ ತನಕ ಪುಸ್ತಕ ಅವನ ಬಳಿ. ಕೊರತೆ ತುಂಬಿಸಿ, ಪಟ್ಟಿ ಪೂರ್ತಿ ಮಾಡುವುದು ಅವನ ಕೆಲಸ. ಅವನ ತರುವಾಯ ಕೇಂಬ್ರಿಜ್‌ನ ಕಾಲೇಜೊಂದಕ್ಕೆ, ಆದಷ್ಟೂ ಮಾಡ್ಲಿನ್‌ಗೆ. ಜಾಕ್ಸನ್ 1723ರಲ್ಲಿ ತೀರಿಕೊಂಡ, 1724ರಲ್ಲಿ ಬೀರುಗಳ ಸಮೇತ ಪುಸ್ತಕಗಳು ಕಾಲೇಜು ಸೇರಿದವು. ಅಲ್ಲಿನ ಕಟ್ಟಡದ ಹಣೆಯ ಮೇಲೆ ‘ಬಿಬ್ಲಿಯೊಥೆಕಾ ಪೆಪಿಸಿಯಾನಾ 1724’ ಅಂತ ಇಂದಿಗೂ ಇದೆ.

ಷರತ್ತುಗಳನ್ನು ಗಮನವಿಟ್ಟು ಓದು. ಪುಸ್ತಕಗಳಿಗೆ ಪ್ರತ್ಯೇಕ ಕೋಣೆ. ಬೇರೆ ಪುಸ್ತಕ ಇದರೊಳಗೆ ಬೆರೆಯಬಾರದು. ಇದರದ್ದು ಬೇರೆ ಕಡೆ ಹೋಗಲೂಬಾರದು. ಕಾಲೇಜಿನ ಮುಖ್ಯಸ್ಥನೊಬ್ಬ ಮಾತ್ರ ತನ್ನ ಬಿಡಾರಕ್ಕೆ ಒಯ್ಯಬಹುದು, ಅದೂ ಒಂದು ಸಲಕ್ಕೆ ಹತ್ತಕ್ಕೆ ಮೀರದಂತೆ, ಅದಕ್ಕೆಂದೇ ಇಟ್ಟ ಪುಸ್ತಕದಲ್ಲಿ ಒಯ್ದದ್ದು ತಂದದ್ದು ಬರೆದು. ಕೊನೆಯದೇ ಅಸಲು ಚಾವಿ: ನೆರೆಯ ಟ್ರಿನಿಟಿ ಕಾಲೇಜಿನವರು ವರ್ಷಕ್ಕೊಮ್ಮೆ ಬಂದು ತಪಾಸಣೆ ಮಾಡಬೇಕು, ಷರತ್ತು ಮುರಿದದ್ದು ಸಾಬೀತಾದರೆ ಇಡೀ ಗ್ರಂಥಾಲಯ ಟ್ರಿನಿಟಿಯ ಪಾಲು. ಕಾವಲುಗಾರನಿಗೆ ಸಂಬಳ ಬೇಡ, ತಪ್ಪು ಹುಡುಕುವ ಆಸೆಯೇ ಸಾಕು.

ಈ ಉಪಾಯ ಪೀಪ್ಸನಿಗಿಂತ ಹಳೆಯದು. ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಮ್ಯಾಥ್ಯೂ ಪಾರ್ಕರ್, ಮಠಗಳು ಮುಚ್ಚಿ ಚೆಲ್ಲಾಪಿಲ್ಲಿಯಾದ ಹಸ್ತಪ್ರತಿಗಳನ್ನು ಹೆಕ್ಕಿ ತಂದು 1570ರ ದಶಕದಲ್ಲಿ ಕೇಂಬ್ರಿಜ್‌ನ ಕಾರ್ಪಸ್ ಕ್ರಿಸ್ಟಿ ಕಾಲೇಜಿಗೆ ಕೊಟ್ಟ. ಸಂತ ಅಗಸ್ಟೀನನ ಹೆಸರಿನ ಆರನೆಯ ಶತಮಾನದ ಸುವಾರ್ತೆ ಪುಸ್ತಕ, ಇಂಗ್ಲೆಂಡಿನ ಹಳೆಯ ಚರಿತ್ರೆ ಹೇಳುವ ಆಂಗ್ಲೊ-ಸ್ಯಾಕ್ಸನ್ ವೃತ್ತಾಂತದ ಉಳಿದಿರುವ ಅತಿ ಹಳೆಯ ಪ್ರತಿ ಅದರಲ್ಲಿವೆ. ಅವನ ಕರಾರು ಅಂಕಿಯಲ್ಲೇ ಇದೆ: ಅಜಾಗರೂಕತೆಯಿಂದ ದೊಡ್ಡ ಅಳತೆಯವು ಆರು, ನಡು ಅಳತೆಯವು ಎಂಟು, ಚಿಕ್ಕವು ಹನ್ನೆರಡು ಕಳೆದು, ಆರು ತಿಂಗಳೊಳಗೆ ತುಂಬಿಕೊಡದಿದ್ದರೆ ಎಲ್ಲವೂ ಗಾನ್ವಿಲ್ ಅಂಡ್ ಕೀಸ್ ಕಾಲೇಜಿಗೆ. ಅವರೂ ಕಳೆದರೆ ಟ್ರಿನಿಟಿ ಹಾಲ್ ಎಂಬ ಮತ್ತೊಂದು ಕಾಲೇಜಿಗೆ (ಮೇಲೆ ಹೇಳಿದ ಟ್ರಿನಿಟಿ ಬೇರೆ). ಅವರೂ ಹಾಗೇ ಮಾಡಿದರೆ ತಿರುಗಿ ಕಾರ್ಪಸ್‌ಗೆ. ಪುಸ್ತಕದ ಜೊತೆ ಅವನು ಕೊಟ್ಟ ಬೆಳ್ಳಿಯೂ ಹೋಗುತ್ತದೆ ಅಂತ ಬೇರೆ ಸೇರಿಸಿದ. ಬೆಳ್ಳಿಯ ಆಸೆಗೆ ಪುಸ್ತಕ ಎಣಿಸುವವರೂ ಇರುತ್ತಾರಲ್ಲ! ಆದರೆ ಇದೇ ಪಾರ್ಕರ್ ಹಸ್ತಪ್ರತಿಗಳಲ್ಲಿ ಕೆಂಪು ಬಳಪದಿಂದ ಗುರುತು ಮಾಡಿದ, ‘ಸರಿಪಡಿಸಲು’ ಹಾಳೆ ಅತ್ತಿತ್ತ ಮಾಡಿದ. ಕಾಪಾಡಿದವನ ಕೈಯಿಂದಲೂ ಪೆಟ್ಟು ಬೀಳುತ್ತದೆ.

ಒಟ್ಟಿಗೇ ಇರಬೇಕು ಅನ್ನುವ ಹಟ ಯಾಕೆ ಅಂತೀಯಾ? ಪೀಪ್ಸ್ 1660ರ ಜನವರಿ 1ರಿಂದ 1669ರ ಮೇ 31ರವರೆಗೆ ದಿನಚರಿ ಬರೆದ, ಆರು ಸಂಪುಟ, ಬಹುಪಾಲು ಶೀಘ್ರಲಿಪಿಯಲ್ಲಿ. ನೂರು ವರ್ಷ ಯಾರೂ ಅದನ್ನು ಓದಲಿಲ್ಲ. 1818ರಲ್ಲಿ ಅವನ ಗೆಳೆಯ ಜಾನ್ ಈವ್ಲಿನ್‌ನ ದಿನಚರಿ ಅಚ್ಚಾದ ಮೇಲೆ ಕಾಲೇಜಿಗೆ ಇದರ ನೆನಪಾಯಿತು. ಜಾನ್ ಸ್ಮಿತ್ ಎಂಬ ಬಡ ವಿದ್ಯಾರ್ಥಿಯನ್ನು ಕೂರಿಸಿದರು. ಪಾಪ, ಅವನು 1819ರಿಂದ 1822ರವರೆಗೆ ಮೂರು ವರ್ಷ ಕಣ್ಣು ನೋಯಿಸಿಕೊಂಡು ಬಿಡಿಸಿದ. ಆ ಶೀಘ್ರಲಿಪಿ ಥಾಮಸ್ ಶೆಲ್ಟನ್‌ನದು, ಅದನ್ನು ಕಲಿಸುವ ಪುಸ್ತಕ ಅದೇ ಕೋಣೆಯ ಬೀರುವಿನಲ್ಲೇ ಇತ್ತು! ವಿಷಯದ ಪಟ್ಟಿಯನ್ನು ಯಾರೂ ತಿರುವಿ ನೋಡಿರಲಿಲ್ಲ. ಆದರೂ ಬೀಗವೂ ಬೀಗದ ಕೈಯೂ ಒಂದೇ ಮನೆಯಲ್ಲಿ ಉಳಿದವು. ‘ಹಳೆಯ ಶಾರ್ಟ್‌ಹ್ಯಾಂಡ್ ಪುಸ್ತಕ, ಯಾರಿಗೆ ಬೇಕು’ ಅಂತ ರದ್ದಿಗೆ ಹಾಕಿದ್ದರೆ? ಬೀದಿಯಲ್ಲಿ ಮಾರುತ್ತಿದ್ದ ಲಾವಣಿ ಹಾಳೆಗಳೂ ಹಾಗೇ. ಸುಮಾರು 1,800 ಹಾಳೆಗಳನ್ನು ಐದು ಸಂಪುಟಗಳಾಗಿ ಕಟ್ಟಿಸಿಟ್ಟ. ಆ ಕಾಲದಲ್ಲಿ ಅವಕ್ಕೆ ಪೊಟ್ಟಣ ಕಟ್ಟುವ ಕಾಗದದ ಬೆಲೆ. ನಿನ್ನಜ್ಜನ ಯಕ್ಷಗಾನದ ಕರಪತ್ರಗಳನ್ನು, ಜಾತ್ರೆಯ ನೋಟೀಸುಗಳನ್ನು ಎಸೆಯಬೇಡ ಅಂತ ಹೇಳುವುದಕ್ಕೇ ಇಷ್ಟುದ್ದ ಬರೆದೆ. ಬೇರೆಯಾದರೆ ಏನಾಗುತ್ತದೆ ಅನ್ನುವುದಕ್ಕೂ ಅಲ್ಲೇ ಸಾಕ್ಷಿ ಇದೆ: ಎಂಟನೆಯ ಹೆನ್ರಿಯ ಹಡಗುಗಳ ಚಿತ್ರವಿರುವ 1546ರ ಆಂಥೊನಿ ಸುರುಳಿಗಳು ಮೂರು. ಎರಡನ್ನು ದೊರೆ ಎರಡನೆಯ ಚಾರ್ಲ್ಸ್ ಪೀಪ್ಸನಿಗೆ ಕೊಟ್ಟ, ಅವು ಕತ್ತರಿಸಿ ಪುಸ್ತಕವಾಗಿ ಕೇಂಬ್ರಿಜ್‌ನಲ್ಲಿವೆ. ಉಳಿದೊಂದು ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿ.

ಇನ್ನು ನಿನ್ನ ವಿಷಯ. ನಮ್ಮಲ್ಲಿ ಕೇಂದ್ರದ ಸಾಮಾನ್ಯ ಹಣಕಾಸು ನಿಯಮಗಳ (2017) ಪ್ರಕಾರ, ಓದಲು ಕೊಟ್ಟ ಪ್ರತಿ ಸಾವಿರ ಪುಸ್ತಕಕ್ಕೆ ವರ್ಷಕ್ಕೆ ಐದು ಕಳೆದರೆ, ಮೋಸ ಅಥವಾ ಅಲಕ್ಷ್ಯ ಇಲ್ಲದಿದ್ದರೆ, ಅದು ಸಹಜ ನಷ್ಟ. ಆದರೆ ಸಾವಿರ ರೂಪಾಯಿ ಮೀರಿದ ಪುಸ್ತಕ ಕಳೆದರೂ, ಬೆಲೆ ಎಷ್ಟೇ ಇರಲಿ ಅಪರೂಪದ ಪುಸ್ತಕ ಕಳೆದರೂ ವಿಚಾರಣೆ ಆಗಲೇಬೇಕು. ಹಾಗಾಗಿ ದಾನಪತ್ರದ ಪಟ್ಟಿಯಲ್ಲಿ ಅಪರೂಪದವುಗಳ ಎದುರು ‘ಅಪರೂಪ’ ಅಂತ ನೀನೇ ಬರೆ. ಆ ಒಂದು ಪದ ಇಲ್ಲದಿದ್ದರೆ 1890ರ ಅಚ್ಚಿನ ಪುಸ್ತಕ ‘ಬೆಲೆ 12 ಆಣೆ’ ಎಂದು ನಮೂದಾಗಿ ಸಹಜ ನಷ್ಟದಲ್ಲಿ ಕರಗಿಹೋಗುತ್ತದೆ. ಅದೇ ನಿಯಮ 20,000 ಪುಸ್ತಕದೊಳಗಿನ ಗ್ರಂಥಾಲಯವನ್ನು ಪ್ರತಿ ವರ್ಷ ಪೂರ್ತಿ ಎಣಿಸಬೇಕು ಅನ್ನುತ್ತದೆ. ನಿನ್ನ ಕಾಲೇಜು ಕೇಂದ್ರದ್ದಲ್ಲ, ನಿಯಮ ತಾನಾಗಿ ಅನ್ವಯಿಸದು. ಅದನ್ನೇ ಕರಾರಿನಲ್ಲಿ ಸೇರಿಸಿದರೆ ಯಾರೂ ಬೇಡ ಅನ್ನಲಾರರು.

ಟ್ರಿನಿಟಿಯ ಜಾಗಕ್ಕೆ ನಿನ್ನೂರಿನ ಇನ್ನೊಂದು ಆಡಳಿತದ ಕಾಲೇಜನ್ನು ಹಾಕು. ಇಬ್ಬರ ನಡುವೆ ಪೈಪೋಟಿ ಇದ್ದಷ್ಟೂ ಒಳ್ಳೆಯದು. ‘ನನಗೆ ಬೇಕೆನಿಸಿದಾಗ ವಾಪಸ್ ಪಡೆಯುತ್ತೇನೆ’ ಅಂತ ಬರೆದರೆ ಅದು ದಾನವೇ ಆಗುವುದಿಲ್ಲ. ನಿನ್ನ ಇಚ್ಛೆಗೆ ಒಳಪಡದ ಒಂದು ಘಟನೆ ನಡೆದರೆ ದಾನ ರದ್ದು ಅಂತ ಇಬ್ಬರೂ ಒಪ್ಪಿ ಬರೆದುಕೊಳ್ಳಲು ಆಸ್ತಿ ವರ್ಗಾವಣೆ ಕಾಯ್ದೆ ಜಾಗ ಕೊಟ್ಟಿದೆ. ವಾಕ್ಯ ಕಟ್ಟುವುದನ್ನು ವಕೀಲರಿಗೆ ಬಿಡು, ಅಂಕಿ ಮಾತ್ರ ಪಾರ್ಕರ್‌ನಂತೆ ನೀನೇ ಹಾಕು. ‘ಸುರಕ್ಷಿತವಾಗಿ ಕಾಪಾಡತಕ್ಕದ್ದು’ ಅನ್ನುವ ಸಾಲಿಗೆ ಕವಡೆ ಕಿಮ್ಮತ್ತಿಲ್ಲ. ‘ಇಷ್ಟು ಕಳೆದರೆ, ಇಷ್ಟು ತಿಂಗಳೊಳಗೆ’ ಅಂತಿರಲಿ. ಇನ್ನೊಂದು, 75 ವರ್ಷ ದಾಟಿದ, ಸಾಹಿತ್ಯಿಕ ಅಥವಾ ಚಾರಿತ್ರಿಕ ಬೆಲೆಯುಳ್ಳ ಹಸ್ತಪ್ರತಿ 1972ರ ಪುರಾತನ ವಸ್ತುಗಳ ಕಾಯ್ದೆಯಂತೆ ಪ್ರಾಚೀನ ವಸ್ತು. ಅಮೆರಿಕದಲ್ಲಿರುವ ನಿನ್ನ ತಮ್ಮ, ನೆನಪಿಗೆ ಒಂದು ಕಟ್ಟು ಒಯ್ಯುತ್ತೇನೆ ಅಂದರೆ ಬಿಡಬೇಡ.

ಅಚ್ಚಿನ ಪುಸ್ತಕದ ಪಟ್ಟಿ ಸುಲಭ, ತಲೆ ತಿನ್ನುವುದು ಓಲೆಗರಿ. ಒಂದು ಕಟ್ಟು ಅಂದರೆ ಒಂದು ಕೃತಿ ಅಂದುಕೊಳ್ಳಬೇಡ, ಮೂರು ನಾಲ್ಕು ಇರಬಹುದು. ಮೊದಲ ಮತ್ತು ಕೊನೆಯ ಗರಿಗಳೇ ಮುರಿಯುವುದು, ಹೆಸರು ಇರುವುದೂ ಅಲ್ಲೇ. ಹೆಸರಿಲ್ಲದಿದ್ದರೆ ಸಿಕ್ಕಿದ ಮೊದಲ ಸಾಲು, ಕೊನೆಯ ಸಾಲು ಬರೆದುಕೋ. ಗರಿಗಳ ಎಣಿಕೆ, ಉದ್ದ ಅಗಲ ಸೆಂಟಿಮೀಟರಿನಲ್ಲಿ, ಪುಟಕ್ಕೆ ಎಷ್ಟು ಸಾಲು, ಲಿಪಿ ಕನ್ನಡವೋ ತಿಗಳಾರಿಯೋ ನಂದಿನಾಗರಿಯೋ, ಇಷ್ಟೂ ಬೇಕು. ಸಂಸ್ಕೃತ ಕೃತಿ ಕನ್ನಡ ಲಿಪಿಯಲ್ಲಿರುವುದು ಮಾಮೂಲು, ಭಾಷೆ ಬೇರೆ ಲಿಪಿ ಬೇರೆ ಅಂತ ಎರಡು ಕಾಲಂ ಹಾಕು. ಕೊನೆಯಲ್ಲಿ ಬರೆದವನು ಸಂವತ್ಸರದ ಹೆಸರು ಮಾತ್ರ ಹೇಳಿದ್ದರೆ ಇಸವಿ ಊಹಿಸಬೇಡ. ಅದು ಅರವತ್ತು ವರ್ಷಕ್ಕೊಮ್ಮೆ ತಿರುಗಿ ಬರುತ್ತದೆ, ಶಕವರ್ಷ ಇದ್ದರೆ ಮಾತ್ರ ಗಟ್ಟಿ. ಪ್ರತಿ ಗರಿಯ ಎರಡೂ ಬದಿ ಫೋಟೋ ತೆಗೆದು ಒಂದು ಪ್ರತಿ ನಿನ್ನಲ್ಲಿ, ಒಂದು ತಪಾಸಣೆ ಮಾಡುವ ಕಾಲೇಜಿನಲ್ಲಿ ಇರಲಿ. ಪಟ್ಟಿ ಕಾಲೇಜಿನ ಬಳಿ ಮಾತ್ರ ಇದ್ದರೆ ಪುಸ್ತಕದ ಜೊತೆ ಪಟ್ಟಿಯೂ ಕಾಣೆಯಾಗುತ್ತದೆ.

ಗರಿಗೆ ಸೀಲು, ಗೋಂದಿನ ಚೀಟಿ, ಸೆಲೋಟೇಪು ಯಾವುದೂ ಬೇಡ ಅಂತ ಕರಾರಿನಲ್ಲೇ ಬರೆ. ಸೇರ್ಪಡೆ ಸಂಖ್ಯೆಯನ್ನು ಹತ್ತಿದಾರದಲ್ಲಿ ಕಟ್ಟಿದ ಚೀಟಿಯ ಮೇಲೆ ಪೆನ್ಸಿಲ್‌ನಿಂದ ಬರೆದರೆ ಸಾಕು. ಮೇಲೆ ಕೆಳಗೆ ಮರದ ಹಲಗೆ, ಗಂಜಿ ಹಾಕದ ಹತ್ತಿಬಟ್ಟೆ, ದಾರ ಹದವಾಗಿ. ಸಡಿಲವಾದರೆ ಗರಿ ಸುರುಟುತ್ತದೆ, ಬಿಗಿಯಾದರೆ ತೂತಿನ ಬಳಿ ಸೀಳುತ್ತದೆ. ಬೀರು ಗೋಡೆಗೆ ತಾಗಬಾರದು, ಮಳೆಗಾಲದ ತೇವವೂ ಗೆದ್ದಲೂ ಬರುವುದು ಗೋಡೆಯಿಂದಲೇ. ಮಜ್ಜಿಗೆಹುಲ್ಲಿನ ಎಣ್ಣೆ ಸವರಬೇಕು ಅಂತ ಯಾರಾದರೂ ಹೇಳುತ್ತಾರೆ. ಕಂಟದಿಂದ, ಅಂದರೆ ಕಬ್ಬಿಣದ ಮೊನೆಯ ಲೇಖನಿಯಿಂದ, ಕೊರೆದ ಗರಿಗೆ, ತಿಳಿದವರ ಕೈಯಲ್ಲಿ, ಸರಿ. ಶಾಯಿಯಲ್ಲಿ ಬರೆದ ಗರಿಗೆ ಸವರಿದರೆ ಅಕ್ಷರವೇ ಹೋಗಬಹುದು.

ಹಾಂ, ಆ ಎರಡು ಕಡತ. ಬಟ್ಟೆಗೆ ಹುಣಸೆಬೀಜದ ಅಂಟು, ಇದ್ದಿಲು ಬಳಿದು ಕಪ್ಪು ಮಾಡಿ, ಬಳಪದಲ್ಲಿ ಬರೆದದ್ದು ಅದು. ಸ್ಲೇಟಿನ ಹಾಗೇ ಅಳಿಸಿ ಬರೆಯಲೆಂದೇ ಮಾಡಿದ್ದು. ಧೂಳು ಅಂತ ಮನೆಯವರು ಒದ್ದೆ ಬಟ್ಟೆ ಹಿಡಿದಾರು, ಇವತ್ತೇ ಎತ್ತಿಡು. ಮೊದಲು ಅವುಗಳ ಫೋಟೋ ತೆಗೆದು ಕಳಿಸು, ದೀಪ ಓರೆಯಾಗಿ ಬೀಳುವಂತೆ ಹಿಡಿ.

ಇಂತಿ ನಿನ್ನ ಗೆಳೆಯ